ಮರುಗಲ್ಲಿನ ಮನೆಯಿಂದ

ಹಾಲಗುಡ್ಡ,
ಒಳಗಡಲು ತುಂಬಿದ ನೂರ ಮೂರನೆಯ ವರ್ಷ,
ಎರಡನೆಯ ಬೇಸಿಗೆಯ ಬಹುಳ ಚೌತಿ.

ನಮ್ಮ ಮನೆತನದ ಹಿರಿಯರಿಗೆ, ಈಗ ಗುಡ್ಡದ ಬುಡದಲ್ಲಿ ತಗಡಿನ ಚಪ್ಪರದ ಕೆಳಗೆ ಕೂತು ಉಳಿ ಹಿಡಿದಿರುವವರಿಗೆ,

ಮೇಲಿನ ತಾರೀಖು ನಿಮ್ಮ ಯಾವ ಕ್ಯಾಲೆಂಡರಿನಲ್ಲೂ ಇಲ್ಲ, ಹುಡುಕಬೇಡಿ. ಕೃಷ್ಣೆಯ ಹಿನ್ನೀರು ಏರುತ್ತ ಏರುತ್ತ ಒಂದು ವರ್ಷ ಇಳಿಯದೆಯೇ ನಿಂತುಬಿಟ್ಟಿತು. ಅದನ್ನು ನಾವು ಒಳಗಡಲು ಎನ್ನುತ್ತೇವೆ, ಅಲ್ಲಿಂದ ಲೆಕ್ಕ ಹಿಡಿಯುತ್ತೇವೆ. ನಿಮ್ಮ ಲೆಕ್ಕದಲ್ಲಿ ಇನ್ನೂರು ವರ್ಷ ಮುಂದೆ ಎಂದುಕೊಂಡರೆ ಸಾಕು. ನಮಗೆ ವರ್ಷಕ್ಕೆ ಎರಡು ಬೇಸಿಗೆ, ಎರಡನೆಯದು ಕೆಟ್ಟದ್ದು. ನನ್ನ ಮಾತು ವಿಚಿತ್ರವಾಗಿ ಕೇಳಿದರೆ ಕ್ಷಮಿಸಿ. ನಿಮ್ಮ ಕಾಲದ ಕನ್ನಡವನ್ನು ನಾನು ಪುಸ್ತಕದಿಂದ ಕಲಿಯಲಿಲ್ಲ, ಕಲ್ಲಿನಿಂದ ಕಲಿತೆ. ಶಂಕುಸ್ಥಾಪನೆಯ ಫಲಕಗಳು, ಸಮುದಾಯ ಭವನಗಳ ದಾನಿಗಳ ಹೆಸರು, ಸಮಾಧಿಯ ಮೇಲಿನ ಎರಡು ಸಾಲು, ಇವೇ ನನ್ನ ಶಾಲೆ. ಆದ್ದರಿಂದ ಅಲ್ಲಲ್ಲಿ ಸಮಾರಂಭದ ವಾಸನೆ ಬಂದರೆ ತಪ್ಪು ನನ್ನದಲ್ಲ. ಈ ಕಾಗದ ನಿಮಗೆ ತಲುಪುವ ದಾರಿ ನನಗೆ ಗೊತ್ತಿಲ್ಲ. ತಲುಪದಿದ್ದರೂ, ಬೈಯಬೇಕಾದವರನ್ನು ಬೈದ ಸಮಾಧಾನ ನನಗಿರಲಿ.

ಗುಡ್ಡ ಈಗಿಲ್ಲ. ಅದಿದ್ದಲ್ಲಿ ಹಸಿರು ನೀರು ತುಂಬಿದ ದೊಡ್ಡ ಗುಂಡಿಯಿದೆ, ಗುಂಡಿಯ ದಂಡೆಯಲ್ಲಿ ನಾವಿದ್ದೇವೆ. ನೀವು ಹಾಲಗಲ್ಲು ಎಂದು ಕರೆಯುವ, ಪೇಟೆಯವರು ಮಾರ್ಬಲ್ ಎಂದು ಕೊಳ್ಳುವ ಆ ಅಮೃತಶಿಲೆಯನ್ನು ಬೆರಳು ದಪ್ಪದ ಹಲಗೆಗಳಾಗಿ ಕೊಯ್ದು ಲಾರಿಗೆ ಹೇರಿ ಕಳಿಸಿದರು. ಕೊಯ್ಯಲು ಗುರುತು ಹಾಕಿಕೊಟ್ಟವರು ನಮ್ಮ ಮನೆಯವರೇ. ಯಾವ ಬಂಡೆ ಎಲ್ಲಿ ಬಿರುಕಿಲ್ಲದೆ ಸೀಳುತ್ತದೆಂದು ತಿಳಿದಿದ್ದದ್ದು ನಿಮಗಷ್ಟೇ. ಈ ಸಂಗತಿ ಹೇಳುವಾಗ ನನ್ನಪ್ಪ ತಲೆ ತಗ್ಗಿಸುತ್ತಿದ್ದ. ನಾನು ತಗ್ಗಿಸುವುದಿಲ್ಲ, ನೀವು ತಗ್ಗಿಸಬೇಕು.

ಆ ಹಲಗೆಗಳೆಲ್ಲ ಈಗ ತಿರುಗಿ ನಮ್ಮ ಬಳಿಗೇ ಬರುತ್ತಿವೆ. ಮುಳುಗಿದ ಪಟ್ಟಣಗಳಿಂದ ಕಿತ್ತು ದೋಣಿಗಳಲ್ಲಿ ತರುತ್ತಾರೆ: ಅಡುಗೆಕಟ್ಟೆ, ಬಚ್ಚಲು, ಮೆಟ್ಟಿಲು, ದೇವರಮನೆಯ ನೆಲ. ನಮ್ಮ ಮಳೆ ಹುಳಿ, ಕೆರೆ ಹುಳಿ, ಮಣ್ಣೂ ಹುಳಿ. ಈ ಕಲ್ಲನ್ನು ಪುಡಿ ಮಾಡಿ ಚೆಲ್ಲಿದರೆ ನೀರು ಕುಡಿಯುವಂತಾಗುತ್ತದೆ. ಹಾಗೆ ಪುಡಿ ಮಾಡುವ ಸರ್ಕಾರದ ಗಿರಣಿಗೆ ಪುಡಿಮನೆ ಎಂದು ಹೆಸರು, ನಾನು ಈಗ ಅಲ್ಲಿ ಕೆಲಸಕ್ಕಿದ್ದೇನೆ. ಬೆಳಿಗ್ಗೆ ಮೂಗುಬಾಯಿಗೆ ಮೂರು ಪದರದ ಒದ್ದೆ ಅರಿವೆ ಕಟ್ಟಿಕೊಂಡು ಹಲಗೆ ಹೊತ್ತು ಹಾಕುತ್ತೇವೆ. ಬಿಸಿಲು ಏರಿದಾಗ ಗಂಟೆ ಬಾರಿಸುತ್ತಾರೆ. ಊರಿಗೆ ಊರೇ ನೆಲದಡಿಯ ಕೋಣೆಗಳಿಗಿಳಿದು ಸಂಜೆಯವರೆಗೆ ಮಲಗುತ್ತದೆ. ಆಮೇಲೆ ಮತ್ತೆ ಗಿರಣಿ. ಹಲಗೆಗಳನ್ನು ನೋಡಿದರೆ ನೀವು ಹೇಗೆ ಬದುಕಿದಿರಿ ಎಂದು ತಿಳಿಯುತ್ತದೆ. ಅರಿಶಿನದ ಕಲೆ ಹೋಗಿರುವುದಿಲ್ಲ. ಎಣ್ಣೆ ಕುಡಿದ ಕಡೆ ಹಳದಿ. ಒಡೆದಾಗ ಕೆಲವುಗಳಿಂದ ಇನ್ನೂ ಸಾಬೂನಿನ ವಾಸನೆ ಬರುತ್ತದೆ ಎಂದು ಜೊತೆಯ ಹೆಂಗಸರು ಹೇಳುತ್ತಾರೆ. ನನಗಂತೂ ಬಂದಿಲ್ಲ.

ಒಂದು ಮುಖ ಕೆತ್ತುವಷ್ಟು ದಪ್ಪದ ಕಲ್ಲು ಉಳಿದಿರುವುದು ಹಳೆಯ ಪ್ರತಿಮೆಗಳಲ್ಲಿ ಮಾತ್ರ. ಹೀಗಾಗಿ ನಮ್ಮ ಕಾಲದ ಶಿಲ್ಪಿ ಒಂದು ಪ್ರತಿಮೆಯನ್ನು ಕೆಡಿಸಿಯೇ ಇನ್ನೊಂದನ್ನು ಮಾಡಬೇಕು. ಒಮ್ಮೆ ಯಾರದೋ ಮುಖವಾಗಿದ್ದು ಇನ್ನೊಬ್ಬರ ಮುಖವಾಗಲಿರುವ ಕಲ್ಲಿಗೆ ಮರುಗಲ್ಲು ಎನ್ನುತ್ತೇವೆ. ಪ್ರತಿ ಸಲವೂ ಅದು ಸಣ್ಣದಾಗುತ್ತದೆ. ಯಾವ ಮುಖ ಹೋಗಬೇಕು, ಯಾವುದು ಬರಬೇಕು ಎಂದು ಹೇಳುವ ಹಿರಿಯರ ಕೂಟವೊಂದಿದೆ, ಮುಖಸಭೆ. ಅದು ಕೊಡುವ ಉಳಿಪತ್ರವಿಲ್ಲದೆ ಯಾರೂ ಉಳಿ ಹಿಡಿಯುವಂತಿಲ್ಲ. ಕೆತ್ತುವಾಗ ಬಿದ್ದ ಚೂರೆಲ್ಲ ಪುಡಿಮನೆಯ ಸ್ವತ್ತು. ಕೆತ್ತುವ ಮುಂಚೆ ಕಲ್ಲು ತೂಗುತ್ತಾರೆ. ಕೆತ್ತಿದ ಮೇಲೆ ಕಲ್ಲನ್ನೂ ಚೂರನ್ನೂ ಕೂಡಿಸಿ ತೂಗುತ್ತಾರೆ.

ಈ ಸೀಮೆಯಲ್ಲಿ ಉಳಿಪತ್ರವಿದ್ದ ಮನೆ ನಮ್ಮದೊಂದೇ. ಅಪ್ಪ ಮಾನಪ್ಪ, ಹಿರಿಮಗಳು ನಾನು ನೀಲವ್ವ, ನನ್ನ ತಮ್ಮ ಮೌನೇಶ. ಅವ್ವ ನಾವು ಸಣ್ಣವರಿದ್ದಾಗಲೇ ಕಲ್ಲಿನ ಧೂಳು ಎದೆಗಿಳಿದು ಹೋದಳು. ಕೆತ್ತುವ ಕೆಲಸದಲ್ಲಿ ಅಪ್ಪ ನಮಗೆ ಒಂದು ಮೈಯನ್ನೇ ಹಂಚಿಕೊಟ್ಟಿದ್ದ. ಕಣ್ಣು, ಕೈ ಅವನದು, ಅರಿವೆಯ ಮಡಿಕೆ, ಪೀಠ ಮೌನೇಶನದು, ತುಟಿ ನನ್ನದು. ತುಟಿಗೆ ಆಳ ಬೇಕಿಲ್ಲ. ಅದಕ್ಕೇ ನಾನು ನಿಮ್ಮ ಬಚ್ಚಲಿನ ಹಲಗೆಗಳ ಮೇಲೆಯೇ ಅದನ್ನು ಕಲಿತೆ, ಒಂದೊಂದು ಹಲಗೆಯ ಮೇಲೆ ಸಾಲಾಗಿ ಬಾಯಿಗಳು: ನಗುವುದು, ಬಿಗಿದದ್ದು, ಹಸಿದದ್ದು. ಅಪ್ಪ ಕಣ್ಣು ಮುಚ್ಚಿ ಹೆಬ್ಬೆರಳಾಡಿಸಿ, "ಇದು ಮಾತಾಡತೈತಿ, ಇದು ಬರೇ ಕಲ್ಲ," ಎಂದು ಬೇರ್ಪಡಿಸುತ್ತಿದ್ದ. ಮೌನೇಶ ಎಷ್ಟು ತಿಣುಕಿದರೂ ಅವನ ತುಟಿಗಳು ಎರಡು ಅಂಚುಗಳಾಗಿಯೇ ಉಳಿಯುತ್ತಿದ್ದವು. ಅದಕ್ಕಾಗಿ ಅವನು ನನ್ನ ಮೇಲೆ ಸಿಟ್ಟಾಗಿದ್ದು ನನಗೆ ನೆನಪಿಲ್ಲ. ಒಳ್ಳೆಯ ಹುಡುಗ. ನನ್ನ ಬುತ್ತಿ ತಾನೇ ಹೊರುತ್ತಿದ್ದ.

ಇನ್ನು ಹನುಮವ್ವನ ವಿಷಯ. ನಾನು ಹುಟ್ಟುವ ಮುಂಚೆ ಮೇಲಿನ ಕಟ್ಟೆ ಒಡೆದು ಒಳಗಡಲು ಊರೊಳಗೆ ನುಗ್ಗಿತು. ಅಂಬಿಗರ ಹನುಮವ್ವ ಎಂಬ ಹೆಣ್ಣುಮಗಳು ಒಂದೇ ಒಂದು ಹರಗೋಲು ಇಟ್ಟುಕೊಂಡು ಓಣಿಯ ಜನರನ್ನು ಒಬ್ಬೊಬ್ಬರಾಗಿ ದಿಬ್ಬಕ್ಕೆ ಸಾಗಿಸಿದಳು. ಕಡೆಯ ಸಲ ಹೋದವಳು ತಿರುಗಿ ಬರಲಿಲ್ಲ. ಆಗಿನ್ನೂ ಮೀಸೆ ಚಿಗುರುತ್ತಿದ್ದ ನನ್ನಪ್ಪ ಆ ಹರಗೋಲಿನಲ್ಲಿ ಅವಳ ಎದುರಿಗೇ ಕೂತು ಬಂದವನು. ಮುಖ ನೋಡುವ ಧೈರ್ಯವಿಲ್ಲದೆ ಹುಟ್ಟು ಹಿಡಿದ ಅವಳ ಕೈಯನ್ನೇ ನೋಡುತ್ತ ಕೂತಿದ್ದನಂತೆ. ಊರಿನವರು, ಹೆಸರೇ ಮರೆತುಹೋಗಿದ್ದ ಯಾವನೋ ದೊಡ್ಡ ಮನುಷ್ಯನ ಪ್ರತಿಮೆ ಇಳಿಸಿ, ಇದರಲ್ಲಿ ಹನುಮವ್ವನನ್ನು ಮಾಡಿಕೊಡು ಎಂದರು. ಮುಖಸಭೆಯೂ ಆಗ ನೀರಿಗೆ ಹೆದರಿ ಮೆತ್ತಗಾಗಿತ್ತು, ಹೂಂ ಅಂದಿತು. ಅಪ್ಪ ಬೆಳಿಗ್ಗೆ, ಸಂಜೆ ಬಿಡದೆ ದುಡಿದ. ಎರಡೂ ಕೈಯಲ್ಲಿ ಹುಟ್ಟು ಹಿಡಿದು ಮುಂದಕ್ಕೆ ಬಾಗಿದ ಹೆಂಗಸು. ಬಲಗೈಯ ನರಗಳು ಉಬ್ಬಿವೆ, ಒಂದು ಉಗುರು ಕಿತ್ತುಹೋಗಿದೆ. ನಾನು ಬುದ್ಧಿ ಬಂದಾಗಿನಿಂದ ಕಂಡ ಹಾಗೆ, ನೀರಿಗಿಳಿಯುವವರೆಲ್ಲ ಆ ಕೈ ಮುಟ್ಟಿಯೇ ಇಳಿಯುತ್ತಿದ್ದರು. ಹೆಂಗಸರು ಅರಿಶಿನ ಹಚ್ಚುತ್ತಿದ್ದರು. ಅವಳ ಮಗಳು ತಂಗೆವ್ವ ದಿನಾ ಸಂಜೆ ಬಂದು ಪೀಠ ಗುಡಿಸಿ ಹೋಗುತ್ತಿದ್ದಳು.

ನಾನು ನಡುವಯಸ್ಸಿಗೆ ಬರುವ ಹೊತ್ತಿಗೆ ನಾಡಿಗೆ ಹೊಸ ಯಜಮಾನ ಬಂದ. ಯಜಮಾನ ಎಂದರೆ ನಿಮ್ಮ ಮುಖ್ಯಮಂತ್ರಿಯ ಹಾಗೆ, ಆದರೆ ಚುನಾವಣೆ ಇಲ್ಲ. ಅವನ ಪ್ರತಿಮೆ ಊರೂರಿನಲ್ಲಿ ನಿಲ್ಲಬೇಕೆಂದು ಮುಖಸಭೆ ಗೊತ್ತುಮಾಡಿತು, ನಮ್ಮ ಊರಿನ ಪಾಲಿಗೆ ಹನುಮವ್ವನ ಕಲ್ಲು ಬಂತು. ಅಪ್ಪ ಊಟದ ತಾಟಿನ ಮುಂದೆ ಕೈ ತೊಳೆದುಕೊಂಡು ಎದ್ದ.

"ನಾನು ಒಲ್ಲೆ. ಹೋಗಿ ಹೇಳ್ರಿ ಅವರಿಗೆ."

"ಯಪ್ಪಾ, ನಾವು ಒಲ್ಲೆ ಅಂದ್ರ ಬ್ಯಾರೆ ಕಡೆಯವರನ್ನ ಕರಸ್ತಾರ," ಎಂದ ಮೌನೇಶ. "ಅವರು ಮಷೀನ ಹಚ್ಚತಾರ. ಕಲ್ಲೂ ಹೋಗತೈತಿ, ನಮ್ಮ ಉಳಿಪತ್ರಾನೂ ಹೋಗತೈತಿ. ಹನುಮವ್ವ ಏನ್ ಉಳೀತಾಳ?"

ಅವನು ಹೇಳಿದ್ದರಲ್ಲಿ ಸುಳ್ಳಿರಲಿಲ್ಲ. ಅಪ್ಪ ಬಾಗಿಲಿಗೆ ಹೋಗಿ, ಬೆನ್ನು ನಮ್ಮ ಕಡೆ ಇಟ್ಟುಕೊಂಡೇ ಹೇಳಿದ: "ಹಂಗಾದ್ರ ನಾನ ಕೆಡಸತೇನಿ. ಕೆಡಸೂದಾದ್ರೂ ಕೈ ಬಲ್ಲವರು ಕೆಡಸಬೇಕು."

ಕಲ್ಲನ್ನು ಚಪ್ಪರಕ್ಕೆ ತಂದ ದಿನ ತಂಗೆವ್ವ ಬಂದಳು. ಅವಳಿಗೂ ಆಗ ತಲೆ ನರೆತಿತ್ತು. ಅಳುತ್ತಾಳೆ, ಶಾಪ ಹಾಕುತ್ತಾಳೆ ಎಂದು ನಾನು ಗಟ್ಟಿಯಾಗಿ ಕೂತಿದ್ದೆ. ಅವಳು ಹಾಗೇನೂ ಮಾಡಲಿಲ್ಲ.

"ಕಾಕಾ, ಮಾರಿ ಯಾರದರ ಮಾಡ್ರಿ, ನಾ ಏನೂ ಅನ್ನಂಗಿಲ್ಲ. ಆ ಬಲಗೈ ಒಂದು ನನಗ ಕೊಡ್ರಿ. ಆ ಕೈಲೆ ನನಗ ಉಣಿಸ್ಯಾಳ."

"ಕೊಡಾಕ ಅದು ನನ್ನದಲ್ಲ ತಂಗೆವ್ವಾ."

"ಮತ್ತ ಯಾರದು? ಯಜಮಾನನದನು?"

ಅಪ್ಪ ಉಳಿ ಮಸೆಯತೊಡಗಿದ. ಮರುದಿನ ಅವನು ಮೊದಲು ಉಳಿ ಇಟ್ಟದ್ದು ಆ ಮಣಿಕಟ್ಟಿಗೆ. ಅಷ್ಟು ನಿಧಾನವಾಗಿ ಅವನು ಯಾವ ಮೂಗನ್ನೂ ಕೆತ್ತಿದ್ದು ನಾನು ಕಂಡಿಲ್ಲ. ಕೈ ಇಡಿಯಾಗಿ, ಹುಟ್ಟಿನ ತುಂಡಿನ ಸಮೇತ, ಅವನ ಮಡಿಲಿಗೆ ಬಂತು. ಅದರ ತೂಕದಷ್ಟು ಅಡುಗೆಕಟ್ಟೆಯ ಹಲಗೆ ಒಡೆದು ಚೂರಿನ ಬುಟ್ಟಿಗೆ ಹಾಕಿದ. ಬುಟ್ಟಿ ಹೊತ್ತವನು ಮೌನೇಶ. ಮೂವರಿಗೂ ಗೊತ್ತಿತ್ತು. ರಾತ್ರಿ ಕೈ ತಂಗೆವ್ವನ ಮನೆ ಸೇರಿತು. ಆ ಮೇಲೆ ಕೆಲಸ ಸರಾಗ ಸಾಗಿತು. ಹನುಮವ್ವನ ಬಾಗಿದ ಬೆನ್ನಿನಿಂದ ಯಜಮಾನನ ನೆಟ್ಟ ಎದೆ ಬಂತು, ಹುಟ್ಟು ಇದ್ದ ಕಡೆ ಶಾಲಿನ ಮಡಿಕೆ ಬಂತು. ತುಟಿ ನಾನೇ ಕೆತ್ತಿದೆ, ಮೇಲಿನಿಂದ ಕಳಿಸಿದ ಚಿತ್ರದಲ್ಲಿ ಇದ್ದ ಹಾಗೆ, ದಯೆ ತೋರುತ್ತಿರುವಂತೆ. ಹಾಲಗುಡ್ಡದ್ದೇ ಎಲ್ಲಕ್ಕಿಂತ ಚೆಂದ ಎಂದು ನಾಡೆಲ್ಲ ಹೊಗಳಿತು. ಅಪ್ಪನಿಗೆ ಶಾಲು ಹೊದಿಸಿದರು. ಮನೆಗೆ ಬಂದು ಅದನ್ನು ಕಲ್ಲು ಒರೆಸುವ ಅರಿವೆಗಳ ಜೊತೆ ಇಟ್ಟ.

ಪುಡಿಮನೆಯಲ್ಲಿ ಯಾರೋ ಚೂರಿನ ರಾಶಿಯಲ್ಲಿ ಎಣ್ಣೆಕಲೆಯ ತುಂಡೊಂದನ್ನು ಕಂಡರು. ಪ್ರತಿಮೆಯ ಒಡಲಿನಲ್ಲಿ ಅಡುಗೆಮನೆಯ ಎಣ್ಣೆ ಎಲ್ಲಿಂದ ಬಂತು? ಮೂವರನ್ನೂ ಬೇರೆ ಬೇರೆ ಕರೆದು ಕೇಳಿದರು. ಅಪ್ಪ ಗೊತ್ತಿಲ್ಲ ಎಂದ. ನಾನೂ ಗೊತ್ತಿಲ್ಲ ಎಂದೆ. ಮೌನೇಶ ಹೇಳಿದ. ಕೈ ಯಾರ ಮನೆಯಲ್ಲಿದೆ, ಯಾವ ಮೂಲೆಯಲ್ಲಿದೆ, ಎಲ್ಲ ಹೇಳಿದ.

ಕಳವಾದ ಕಲ್ಲನ್ನು ಕದ್ದವನೇ ಗಿರಣಿಗೆ ಹಾಕಬೇಕೆಂಬುದು ನಮ್ಮ ಕಾನೂನು. ತಂಗೆವ್ವನನ್ನೂ ಕರೆಸಿದ್ದರು. ಅವಳು ಸೆರಗಿನೊಳಗಿಂದ ಕೈಯನ್ನು ಹೊರತೆಗೆದಳು. ಹಳೆಯ ಇಳಕಲ್ ಸೀರೆಯ ತುಂಡಿನಲ್ಲಿ, ಎಳೆಗೂಸಿನ ಹಾಗೆ ಸುತ್ತಿದ್ದಳು. ಅಪ್ಪ ಗಿರಣಿಯ ಬಾಯಿಯ ಹತ್ತಿರ ಗೋಡೆ ಹಿಡಿದು ನಿಂತಿದ್ದ. ಅಲ್ಲಿದ್ದ ಅಧಿಕಾರಿ ಕೆಟ್ಟವನಲ್ಲ; "ವಯಸ್ಸಾಗ್ಯಾವ ಬಿಡ್ರಿ, ಬ್ಯಾರೆಯವರು ಹಾಕಲಿ," ಎಂದ.

"ಬ್ಯಾಡ್ರಿ," ಎಂದಳು ತಂಗೆವ್ವ. "ಕಾಕಾ, ನೀವ ಹಾಕ್ರಿ. ಮಾಡಿದವರ ಕೈಯಾಗ ಹೋಗ್ಲಿ."

ಅಪ್ಪ ಅರಿವೆ ಬಿಚ್ಚಿ, ಆ ಕಿತ್ತ ಉಗುರಿನ ಮೇಲೊಮ್ಮೆ ಹೆಬ್ಬೆರಳಿಟ್ಟು, ಹಾಕಿದ. ಗಿರಣಿಗೆ ಅದು ಒಂದು ತುತ್ತಲ್ಲ. ಆ ಪುಡಿ ನಮ್ಮ ಕೆರೆಯ ಪಾಲಿಗೆ ಬಂತು. ಆ ವಾರ ನೀರು ಸಿಹಿಯಾಗಿತ್ತು. ಊರೆಲ್ಲ ಕುಡಿಯಿತು. ನಾನೂ ಕುಡಿದೆ, ಬಾಯಾರಿತ್ತು.

ಅಪ್ಪನ ಉಳಿಪತ್ರ ಹೋಯಿತು, ನನ್ನದೂ ಹೋಯಿತು. ಇಬ್ಬರನ್ನೂ ಪುಡಿಮನೆಗೆ ಹಾಕಿದರು. ಮೌನೇಶನದು ಉಳಿಯಿತು. ಅಂದು ಸಂಜೆ ಅವನು ಅಂಗಳದಲ್ಲಿ ನನ್ನನ್ನು ತಡೆದು ನಿಲ್ಲಿಸಿದ.

"ಅಕ್ಕಾ, ನನಗ ಮಕ್ಕಳದಾವ. ಮೂರೂ ಉಳಿಪತ್ರ ಹೋಗತಿದ್ದವು. ಒಂದಾದ್ರೂ ಮನ್ಯಾಗ ಇರಲಿ ಅಂತ ಹೇಳಿದೆ."

"ಉಳಿ ಉಳೀತಲ್ಲ, ಉಣ್ಣು," ಎಂದೆ. ಅದೇ ಕಡೆ. ಅದಾದ ಮೇಲೆ ವರ್ಷಗಟ್ಟಲೆ ನಾನವನ ಜೊತೆ ಮಾತಾಡಲಿಲ್ಲ.

ಅಪ್ಪ ಮಾತಾಡುತ್ತಿದ್ದ. ನನ್ನನ್ನು ಸುಟ್ಟದ್ದು ಇದು. ಗಿರಣಿಯಿಂದ ಬರುವಾಗ ಚಪ್ಪರದ ಮುಂದೆ ನಿಂತು, ಮೌನೇಶ ಮಾಡುತ್ತಿದ್ದ ಕೆಲಸ ನೋಡಿ, "ಮಡಿಕಿ ಇನ್ನಷ್ಟ ಸಡಲ ಬಿಡು," ಎನ್ನುತ್ತಿದ್ದ. ಎದೆಗೆ ಧೂಳಿಳಿದು ಹಾಸಿಗೆ ಹಿಡಿದಾಗ ನಾನು ಕೇಳಿಯೇಬಿಟ್ಟೆ: "ಯಪ್ಪಾ, ಅವಗ ನೀ ಹೆಂಗ ಕ್ಷಮಾ ಮಾಡಿದಿ?"

"ಕ್ಷಮಾ ಎಲ್ಲಿಂದು?" ಎಂದ, ಕೆಮ್ಮಿನ ನಡುವೆ. "ಅಂವ ಹೇಳದಿದ್ರ ಈ ಮನ್ಯಾಗ ಸುತ್ತಿಗಿ ಸಪ್ಪಳ ನಿಲ್ಲತಿತ್ತು. ನಿಂತಿದ್ರ ಚಲೋನೋ, ನಿಲ್ಲದ್ದ ಚಲೋನೋ, ನನಗ ತಿಳೀವಲ್ದು ನೀಲಾ."

ಎರಡು ದಿನಕ್ಕೆ ಸತ್ತ. ನಮ್ಮಲ್ಲಿ ಸಮಾಧಿಗೆ ಕಲ್ಲಿಡಲು ಅನುಮತಿಯಿಲ್ಲ. ಬೇವಿನ ಹಲಗೆ ನೆಟ್ಟೆ, ಗೆದ್ದಲು ತಿಂದಿತು.

ಹೋದ ವರ್ಷ ಯಜಮಾನ ಬಿದ್ದ. ಹೇಗೆ ಬಿದ್ದ ಎನ್ನುವುದು ಬೇಡ, ಅವರು ಬೀಳುವುದೆಲ್ಲ ಒಂದೇ ತರಹ. ಮುಖಸಭೆಗೆ ಹೊಸಬರು ಬಂದರು. ಅವರಿಗೆ ಯಜಮಾನರ ಮುಖ ಸಾಕಾಗಿತ್ತು, ದುಡಿದವರ ಮುಖ ಬೇಕಾಗಿತ್ತು. ದುಡಿದವರ ಹೆಸರು ಹುಡುಕುತ್ತ ಹುಡುಕುತ್ತ ಅವರಿಗೆ ಅಪ್ಪ ಸಿಕ್ಕ. ಅವಮಾನಿತ ಶಿಲ್ಪಿ, ನಾಡಿನ ಹೆಮ್ಮೆ, ಹಾಲಗುಡ್ಡದ ಮಾನಪ್ಪ. ಯಜಮಾನನ ಕಲ್ಲಿನಲ್ಲಿಯೇ ಮಾನಪ್ಪನನ್ನು ಮಾಡಿ ನಿಲ್ಲಿಸಬೇಕು, ಅವನ ಮಗನೇ ಮಾಡಬೇಕು ಎಂದು ಅಪ್ಪಣೆಯಾಯಿತು. ಹನುಮವ್ವನನ್ನೇ ತಿರುಗಿ ಮಾಡಬಾರದೇ ಎಂದು ತಂಗೆವ್ವ ಕೋಲೂರಿಕೊಂಡು ಹೋಗಿ ಕೇಳಿದಳು. ಕಲ್ಲು ಸಾಲದು ಎಂದರಂತೆ. ಅದು ನಿಜ. ಬಾಗಿದ ಹೆಂಗಸನ್ನು ಆ ನೆಟ್ಟನೆಯ ಗಂಡಸಿನೊಳಗಿಂದ ಇನ್ನು ತೆಗೆಯಲಾಗದು. ಎದೆಯಿಂದ ಮೇಲಿನ ಮುದುಕನೊಬ್ಬ ಹಿಡಿಯುತ್ತಾನೆ, ಅಷ್ಟೇ.

ಆಗ ಮೌನೇಶ ಪುಡಿಮನೆಯ ಗೇಟಿಗೆ ಬಂದ. ಅವನ ಕೂದಲೂ ಹಣ್ಣಾಗಿದ್ದನ್ನು ನಾನು ಅಂದೇ ಹತ್ತಿರದಿಂದ ಕಂಡದ್ದು.

"ಅಕ್ಕಾ, ಎಲ್ಲಾ ಆಗೇತಿ. ಕಣ್ಣ ಬಂದಾವ, ಹಣಿ ಬಂದೈತಿ. ತುಟಿ ನನ್ನ ಕೈಗೆ ಬರವಲ್ದು. ನೀ ಬಾ. ನಿನ್ನ ಉಳಿಪತ್ರ ತಿರುಗಿ ಕೊಡಸ್ತೇನಿ, ಮಾತಾಡೇನಿ ಅವರ ಕೂಡ."

"ನಿನಗ ಅಪ್ಪನ ಬಾಯಿ ನೆನಪಿಲ್ಲೇನು?"

"ಇಲ್ಲ," ಎಂದ. ಕಣ್ಣಲ್ಲಿ ನೀರಿತ್ತು, ನಾಟಕವಲ್ಲ. "ಕೂತು ನೆನಸ್ತೇನಿ, ಬರೂದಿಲ್ಲ."

ನನಗೆ ನೆನಪಿದೆ. ಮೇಲ್ದುಟಿ ತೆಳ್ಳಗೆ, ಉಳಿಯ ತುದಿಯನ್ನೇ ನೋಡುವಾಗ ಕೆಳದುಟಿಯನ್ನು ಬಲಗಡೆ ಒಳಕ್ಕೆ ಕಚ್ಚಿಕೊಳ್ಳುತ್ತಿದ್ದ, ಅಲ್ಲೊಂದು ಹಳೆಯ ತಗ್ಗು. ನನ್ನ ಬೆರಳಿಗೆ ಅದು ಈಗಲೂ ಗೊತ್ತು. ಒಂದು ಕ್ಷಣ ಕೈ ಚಡಪಡಿಸಿತು, ಸುಳ್ಳು ಹೇಳಲಾರೆ. ಅಷ್ಟು ವರ್ಷ ಉಳಿ ಮುಟ್ಟದ ಕೈ. ಆದರೆ ಆ ಕಲ್ಲಿನಲ್ಲಿ, ಆ ಜನರಿಗಾಗಿ, ಅಪ್ಪನ ಬಾಯಿ ಯಾಕೆ? ಅವನು ನಿಂತ ಕಲ್ಲು ಯಾರದೆಂದು ಅವನಿಗಿಂತ ಚೆನ್ನಾಗಿ ಬಲ್ಲವರು ಯಾರು? ಸತ್ತ ಮೇಲೂ ಅವನನ್ನು ಹನುಮವ್ವನ ಮೇಲೆ ನಿಲ್ಲಿಸುವುದೇ?

"ನಾ ಬರಂಗಿಲ್ಲ ಮೌನೇಶಾ. ಬಾಯಿಲ್ಲದನ ನಿಲ್ಲಸ್ರಿ."

"ಹಂಗ ನಿಲ್ಲಸಾಕ ಬಿಡ್ತಾರನು, ಅಕ್ಕಾ?"

"ಬಿಡಂಗಿಲ್ಲ," ಎಂದೆ. ಗಂಟೆ ಬಾರಿಸಿದರು. ಒಳಗೆ ಹೋದೆ.

ಕಳೆದ ಹುಣ್ಣಿಮೆಗೆ ಪರದೆ ಸರಿಸಿದರು. ಪುಡಿಮನೆಯ ಕೆಲಸಗಾರರೆಲ್ಲ ಹಾಜರಿರಬೇಕೆಂದು ಕಟ್ಟಳೆಯಿತ್ತು, ಅದಕ್ಕೇ ಹೋದೆ. ಕಣ್ಣು ಅಪ್ಪನದೇ. ಹಣೆಯ ಗೆರೆಗಳು ಅಪ್ಪನವೇ, ಕೊರಳಿನ ಜೋಲುಚರ್ಮವೂ ಸರಿ. ಮೌನೇಶ ತನ್ನ ಬದುಕಿನ ಅತ್ಯುತ್ತಮ ಕೆಲಸ ಮಾಡಿದ್ದ. ಬಾಯಿ ಮಾತ್ರ ಅಪ್ಪನದಲ್ಲ. ಕೆಳದುಟಿ ದಪ್ಪ, ಎಡಕ್ಕೆ ತುಸು ಜಗ್ಗಿದೆ, ಏನೋ ಹೇಳಬೇಕೆಂದು ಅರೆ ತೆರೆದಿದೆ. ಮೌನೇಶನ ಬಾಯಿ. ಕನ್ನಡಿ ಇಟ್ಟುಕೊಂಡು ಕೆತ್ತಿದನೋ, ಕೈ ತಾನಾಗಿಯೇ ಆ ಕಡೆ ಹೋಯಿತೋ ತಿಳಿಯದು. ಜನ ಗುರುತಿಸಲಿಲ್ಲ. ಮುಖಸಭೆಯ ಹಿರಿಯರೊಬ್ಬರು ಮುಂದೆ ಬಂದು, "ನೋಡಿ, ನಮ್ಮ ಮಾನಪ್ಪನವರು ಈಗ ಬಾಯಿಬಿಟ್ಟು ಎಲ್ಲವನ್ನೂ ಹೇಳುವ ಹಾಗಿದ್ದಾರೆ!" ಎಂದು ಭಾಷಣ ಮಾಡಿದರು. ಚಪ್ಪಾಳೆ ಬಿತ್ತು. ಚಪ್ಪಾಳೆಯ ನಡುವೆ ಮೌನೇಶ ಜನರ ತಲೆಗಳ ಮೇಲಿಂದ ನನ್ನನ್ನು ಹುಡುಕಿ ನೋಡಿದ. ನಾನು ಕಂಡೆನೆಂದು ಅವನಿಗೆ ತಿಳಿಯಿತು. ಅವನ ಬಾಯಿ ಬಿಗಿದುಕೊಂಡಿತು, ಕಲ್ಲಿನದು ತೆರೆದೇ ಇತ್ತು.

ಹಿರಿಯರೇ, ಗುಡ್ಡ ಕೊಯ್ಯಬೇಡಿ ಎಂದರೆ ನೀವು ಕೇಳುವವರಲ್ಲ, ನಿಮಗೂ ಮಕ್ಕಳಿದ್ದಾರೆ. ಹಾಗಾಗಿ ಅದನ್ನು ಕೇಳುವುದಿಲ್ಲ. ನಾನು ಕೇಳುವುದು ಇಷ್ಟು. ನಮ್ಮ ಮನೆತನದ ಕಸುಬಿನ ಬಗ್ಗೆ ಯಾರಾದರೂ ವೇದಿಕೆಯ ಮೇಲೆ ನಿಂತು ಹೆಮ್ಮೆಯಿಂದ ಮಾತಾಡತೊಡಗಿದರೆ, ನಿಮ್ಮ ಹೆಗಲಿಗೆ ಶಾಲು ತಂದರೆ, ದಯವಿಟ್ಟು ಎದ್ದು ಹೊರಗೆ ನಡೆಯಿರಿ. ನಿಮ್ಮಲ್ಲಿ ಒಬ್ಬರಾದರೂ ಹಾಗೆ ಎದ್ದು ಹೋದರೆಂದು ತಿಳಿದರೆ, ನಿಮ್ಮನ್ನು ನನ್ನವರು ಎಂದು ಕರೆಯಲು ನನಗೆ ಅಷ್ಟು ಕಷ್ಟವಾಗುವುದಿಲ್ಲ.

ಇಂತು,
ಮಾನಪ್ಪನ ಮಗಳು ನೀಲವ್ವ,
ಪುಡಿಮನೆ, ಹಾಲಗುಡ್ಡ.